ಹಾಸ್ಟೆಲಿನಲ್ಲಿ ಗಂಟೆ ಬಾರಿಸಿದ ಕೋಚ್

ಕೇಳುಗರಿಗೆಲ್ಲ ನಮಸ್ಕಾರ. ಇವತ್ತು ಎಡ್ಡಿ ರಾಬಿನ್ಸನ್ ಎಂಬ ಅಮೆರಿಕನ್ ಫುಟ್‌ಬಾಲ್ ಕೋಚ್ ಬಗ್ಗೆ ಹೇಳುತ್ತೇನೆ. ಇದು ನಾವು ಕಾಲಲ್ಲಿ ಒದೆಯುವ ಫುಟ್‌ಬಾಲ್ ಅಲ್ಲ. ಮೊಟ್ಟೆಯಾಕಾರದ ಚೆಂಡನ್ನು ಕೈಯಲ್ಲಿ ಅವಚಿಕೊಂಡು ಎದುರಾಳಿಗಳ ನಡುವೆ ನುಗ್ಗುವ ಆಟ. ಆಟದ ಬಗ್ಗೆ ಇಷ್ಟು ತಿಳಿದರೆ ಸಾಕು. ನಾನು ಹೇಳಬೇಕೆಂದಿರುವುದು ಒಂದೇ ಮಾತು: ಕೋಚ್ ಅಂದರೆ ಮೊದಲು ಮೇಷ್ಟ್ರು. ನಮ್ಮ ಶಾಲೆಗಳ ಪಿ.ಟಿ. ಮೇಷ್ಟ್ರುಗಳು ದಯವಿಟ್ಟು ಗಮನವಿಟ್ಟು ಕೇಳಬೇಕು.

ರಾಬಿನ್ಸನ್ ಹುಟ್ಟಿದ್ದು 1919ರಲ್ಲಿ, ಲೂಸಿಯಾನಾ ರಾಜ್ಯದಲ್ಲಿ. ಕಪ್ಪು ಜನರ ಬಡ ಕುಟುಂಬ. ಅಪ್ಪ ಬೇರೆಯವರ ಹೊಲವನ್ನು ಪಾಲಿಗೆ ಮಾಡುತ್ತಿದ್ದವರು, ತಾಯಿ ಮನೆಗೆಲಸದವರು. ಓದು ಮುಗಿಸಿದ ಮೇಲೂ ಈತ ದನದ ಮೇವಿನ ಗಿರಣಿಯಲ್ಲಿ ದುಡಿಯುತ್ತಿದ್ದರು, ಗಂಟೆಗೆ 25 ಸೆಂಟ್ ಕೂಲಿ. 1941ರಲ್ಲಿ ಗ್ರ್ಯಾಂಬ್ಲಿಂಗ್ ಎಂಬ ಸಣ್ಣ ಊರಿನ ಕಪ್ಪು ವಿದ್ಯಾರ್ಥಿಗಳ ಕಾಲೇಜು ಕೋಚ್ ಕೆಲಸ ಕೊಟ್ಟಿತು. ಮೈದಾನದ ಹುಲ್ಲು ಕತ್ತರಿಸುವುದು, ಗೆರೆ ಎಳೆಯುವುದು, ಪಂದ್ಯದ ವರದಿ ಬರೆದು ಪತ್ರಿಕೆಗೆ ಕಳಿಸುವುದು ಎಲ್ಲ ಅವರದೇ. ಮೊದಲ ವರ್ಷ ಮೂರು ಗೆಲುವು, ಐದು ಸೋಲು. ಮರುವರ್ಷ ಒಂಬತ್ತಕ್ಕೆ ಒಂಬತ್ತೂ ಗೆಲುವು. ಎದುರಾಳಿಗಳಿಗೆ ಇಡೀ ವರ್ಷ ಒಂದು ಅಂಕವನ್ನೂ ಬಿಟ್ಟುಕೊಡಲಿಲ್ಲ!

ಆಮೇಲೆ ಮಹಾಯುದ್ಧದ ಕಾರಣ ಎರಡು ವರ್ಷ ಕಾಲೇಜಿನಲ್ಲಿ ತಂಡವೇ ಇರಲಿಲ್ಲ. ರಾಬಿನ್ಸನ್ ಅದೇ ಊರಿನ ಹೈಸ್ಕೂಲು ಹುಡುಗರನ್ನು ತಯಾರು ಮಾಡಲು ನಿಂತರು. ನನಗೆ ತುಂಬ ಇಷ್ಟವಾದ ಘಟನೆ ನಡೆದದ್ದು ಆಗ. ತಂಡದ ಇಬ್ಬರು ಹುಡುಗರನ್ನು ಅವರ ಅಪ್ಪ ಆಟ ಬಿಡಿಸಿ ಹೊಲಕ್ಕೆ ಕರೆದುಕೊಂಡರು. ಹತ್ತಿ ಬಿಡಿಸಬೇಕು, ಆಳಿಲ್ಲ. ಆ ಅಪ್ಪನ ತಪ್ಪೇನು? ಕೈಗೆ ಬಂದ ಬೆಳೆ ಬಿಟ್ಟರೆ ವರ್ಷದ ಅನ್ನವೇ ಹೋಯಿತು. ರಾಬಿನ್ಸನ್ ಆ ಅಪ್ಪನ ಮೇಲೆ ರೇಗಲಿಲ್ಲ, ಹುಡುಗರನ್ನು ತಂಡದಿಂದ ಕೈಬಿಡಲೂ ಇಲ್ಲ. ಇಡೀ ತಂಡವನ್ನು ಕಟ್ಟಿಕೊಂಡು ಆ ಹೊಲಕ್ಕೇ ಹೋದರು. ಎಲ್ಲರೂ ಸೇರಿ ಹತ್ತಿ ಬಿಡಿಸಿದರು. ಕೆಲಸ ಮುಗಿಯಿತು, ಇಬ್ಬರೂ ಮೈದಾನಕ್ಕೆ ಮರಳಿದರು, ತಂಡ ಚಾಂಪಿಯನ್ ಆಯಿತು. ಹುಡುಗನ ಮನೆಯ ಕಷ್ಟ ಗೊತ್ತಿಲ್ಲದವರು ಅವನಿಗೆ ಏನು ಕಲಿಸಿಯಾರು? ಅದಕ್ಕೇ ಹೇಳಿದ್ದು, ಕೋಚ್ ಅಂದರೆ ಮೊದಲು ಮೇಷ್ಟ್ರು.

ಕಾಲೇಜಿನಲ್ಲೂ ಹಾಗೆಯೇ. ಬೆಳಗಾದರೆ ಕೈಯಲ್ಲಿ ಗಂಟೆ ಹಿಡಿದು ಹಾಸ್ಟೆಲ್ ಸುತ್ತಿ ಆಟಗಾರರನ್ನು ಎಬ್ಬಿಸುತ್ತಿದ್ದರು. ಏಕೆ? ಅಭ್ಯಾಸಕ್ಕಲ್ಲ, ತರಗತಿಗೆ! ಆಗ ಅಮೆರಿಕದ ದಕ್ಷಿಣ ಭಾಗದ ಎಷ್ಟೋ ಹೋಟೆಲುಗಳಲ್ಲಿ ಕಪ್ಪು ಹುಡುಗರಿಗೆ ಊಟ ಕೊಡುತ್ತಿರಲಿಲ್ಲ. ಹೊರ ಊರಿನ ಪಂದ್ಯಗಳಿಗೆ ಹೊರಟರೆ ಬಸ್ಸಿನಲ್ಲಿ ಬ್ರೆಡ್ಡಿನ ಬುತ್ತಿ.

ಸಮಯ ಓಡುತ್ತಿದೆ, ಅಂಕಿಅಂಶ ಬೇಗ ಹೇಳಿಬಿಡುತ್ತೇನೆ. ಎಲ್ಲರೂ ಕೇಳುವುದು ಅದನ್ನೇ ತಾನೆ. 1997ರಲ್ಲಿ ನಿವೃತ್ತರಾಗುವ ಹೊತ್ತಿಗೆ 408 ಗೆಲುವು. ಅಷ್ಟೂ ಒಂದೇ ಕಾಲೇಜಿನಲ್ಲಿ. ಅವರ ಗರಡಿಯಿಂದ ವೃತ್ತಿಪರ ಫುಟ್‌ಬಾಲಿಗೆ ಹೋದವರು 200ಕ್ಕೂ ಹೆಚ್ಚು. ಅವರಲ್ಲೊಬ್ಬ ಡಗ್ ವಿಲಿಯಮ್ಸ್. ಕಪ್ಪು ಆಟಗಾರನಿಗೆ ಕ್ವಾರ್ಟರ್‌ಬ್ಯಾಕ್ ಜಾಗ, ಅಂದರೆ ತಂಡವನ್ನು ನಡೆಸುವ ಜಾಗ, ಸಲ್ಲದು ಎನ್ನುತ್ತಿದ್ದ ಕಾಲ ಅದು. 1988ರ ಸೂಪರ್ ಬೌಲ್‌ನಲ್ಲಿ, ಅಂದರೆ ವೃತ್ತಿಪರ ಫುಟ್‌ಬಾಲಿನ ಫೈನಲ್ ಪಂದ್ಯದಲ್ಲಿ, ವಿಲಿಯಮ್ಸ್ ಅದೇ ಜಾಗದಲ್ಲಿ ನಿಂತು ವಾಷಿಂಗ್ಟನ್ ತಂಡವನ್ನು 42–10ರಿಂದ ಗೆಲ್ಲಿಸಿದರು, ಪಂದ್ಯದ ಅತ್ಯುತ್ತಮ ಆಟಗಾರರೂ ಆದರು. ರಾಬಿನ್ಸನ್ ಆಗಲೂ ಗ್ರ್ಯಾಂಬ್ಲಿಂಗ್‌ನಲ್ಲೇ ಇದ್ದರು, ಮುಂದಿನ ತಂಡದ ಹುಡುಗರ ಜೊತೆ.

ನಮಸ್ಕಾರ.