ಸ್ವಂತ ಮನೆಯತ್ತ ಕ್ಯಾಮೆರಾ

ಕೇಳುಗರಿಗೆ ನಮಸ್ಕಾರ.

ಕಾಸರಗೋಡಿಗೆ ಕ್ಯಾಮೆರಾ ಹೊಸದಲ್ಲ. 1970ರ ದಶಕದ ಕೊನೆಯಿಂದ 2000ದವರೆಗೆ ಇಲ್ಲಿನ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಎಂಬ ಕೀಟನಾಶಕ ಸಿಂಪಡಿಸಿದರು. ಜನರ ಆರೋಗ್ಯದ ಮೇಲೆ ಅದರ ಪರಿಣಾಮ ಹೊರಜಗತ್ತಿಗೆ ತಿಳಿದ ಮೇಲೆ ಎಣ್ಮಕಜೆಯಂಥ ಹಳ್ಳಿಗಳ ಅಂಗಳಕ್ಕೆ ಎಲ್ಲೆಲ್ಲಿಂದಲೋ ಛಾಯಾಗ್ರಾಹಕರು ಬಂದರು. ಅವರಿಂದ ಉಪಕಾರವಾಗಿದೆ, ಅದನ್ನು ಮರೆಯಬಾರದು. 2011ರಲ್ಲಿ ಸುಪ್ರೀಂ ಕೋರ್ಟ್ ಆ ವಿಷವನ್ನು ದೇಶಾದ್ಯಂತ ನಿಷೇಧಿಸುವವರೆಗೆ ನಡೆದ ಹೋರಾಟಕ್ಕೆ ಆ ಚಿತ್ರಗಳು ಬಲ ಕೊಟ್ಟವು. ಆದರೆ ಅವುಗಳಲ್ಲಿ ನಮ್ಮ ಜನ ಕಾಣಿಸಿಕೊಂಡದ್ದು ನೋವುಂಡವರಾಗಿ ಮಾತ್ರ. ಅವರು ಮದುವೆಗೆ ಹೊರಟದ್ದು, ಜಗಳವಾಡಿದ್ದು, ರಾತ್ರಿಯಿಡೀ ಯಕ್ಷಗಾನದ ಆಟ ನೋಡಿ ಬಂದು ಮಧ್ಯಾಹ್ನದವರೆಗೆ ಮಲಗಿದ್ದು ಯಾರಿಗೂ ಬೇಕಾಗಲಿಲ್ಲ.

ಆದ್ದರಿಂದಲೇ ಬದಿಯಡ್ಕದ ಕಡೆಯ ತರುಣಿಯೊಬ್ಬಳು ತನ್ನ ಮನೆಯ ಬದುಕನ್ನೇ ಸಾಕ್ಷ್ಯಚಿತ್ರವಾಗಿಸುತ್ತಿರುವುದು ನನಗೆ ದೊಡ್ಡ ಸಂಗತಿಯಾಗಿ ಕಾಣುತ್ತದೆ.

ಅದರ ಒಂದು ದೃಶ್ಯವನ್ನು ಹೇಳುತ್ತೇನೆ. ಅಜ್ಜಿ ಪೆಟ್ಟಿಗೆ ತೆರೆದು ಎರಡು ಕಾಗದ ತೆಗೆಯುತ್ತಾರೆ. ಒಂದು, ಕಾಸರಗೋಡು ಮದರಾಸು ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯ ತಾಲೂಕಾಗಿದ್ದ ಕಾಲದ ಮೂಲಗೇಣಿ ಪತ್ರ, ಅಂದರೆ ಭೂಮಿಯ ಶಾಶ್ವತ ಗೇಣಿಯ ಕರಾರು. ಅದು ಕನ್ನಡದಲ್ಲಿದೆ, ಅಜ್ಜಿ ಅದನ್ನು ಬೆರಳಿಟ್ಟು ಗಟ್ಟಿಯಾಗಿ ಓದುತ್ತಾರೆ. ಇನ್ನೊಂದು, ಊರು ಕೇರಳಕ್ಕೆ ಸೇರಿದ ಮೇಲೆ ಮಲಯಾಳದಲ್ಲಿ ಅಚ್ಚಾದ ಭೂತೆರಿಗೆ ರಶೀದಿ. ಅದನ್ನು ಸುಮ್ಮನೆ ಕ್ಯಾಮೆರಾದತ್ತ ಚಾಚುತ್ತಾರೆ. ಕ್ಯಾಮೆರಾದ ಹಿಂದಿನಿಂದ ಮೊಮ್ಮಗಳ ದನಿ ಅದನ್ನು ಓದಿ ಹೇಳುತ್ತದೆ. ಹೊರಗಿನಿಂದ ಬಂದ ಯಾವ ತಂಡಕ್ಕೆ ಅಜ್ಜಿ ಹಾಗೆ ಕಾಗದ ಚಾಚುತ್ತಿದ್ದರು?

ಆದರೂ ಮೊಬೈಲ್ ಹಿಡಿದವಳು ಮೊಮ್ಮಗಳು ಎಂದ ಮಾತ್ರಕ್ಕೆ ಮನೆಯವರ ಬದುಕೆಲ್ಲ ಅವಳ ಸೊತ್ತಾಗುವುದಿಲ್ಲ. ಇದನ್ನು ಅವಳು ಬಲ್ಲಳು. ಸಂಕಲನ ಮುಗಿಸುವ ಮೊದಲೇ ಎಲ್ಲರನ್ನೂ ಚಾವಡಿಯಲ್ಲಿ ಕೂರಿಸಿ ತೋರಿಸಿದಳು. ಆಸ್ತಿ ಪಾಲಿನ ಮಾತು ಬಿಸಿಯೇರಿದ ದೃಶ್ಯ ಬಂದಾಗ ಚಿಕ್ಕಪ್ಪ, "ನನ್ನ ಸ್ವರ ಇರಲಿ, ಮೋರೆ ಬೇಡ" ಎಂದರು. ಈಗ ಆ ಜಾಗದಲ್ಲಿ ಅಂಗಳದಲ್ಲಿ ಒಣಗಲು ಹರಡಿದ ಅಡಿಕೆ ಮಾತ್ರ ಕಾಣುತ್ತದೆ. ಒಳಗಿನಿಂದ ಜಗಳ ಕೇಳುತ್ತದೆ. ಸ್ವರವೂ ಬೇಡವೆಂದು ಅವರು ಹೇಳಿದ್ದರೆ, ಎಷ್ಟೇ ಚೆನ್ನಾಗಿದ್ದರೂ ಆ ದೃಶ್ಯವನ್ನು ಬಿಡಲೇಬೇಕಿತ್ತು. ಈ ವಿಷಯದಲ್ಲಿ ನನಗೆ ಎರಡು ಮಾತಿಲ್ಲ.

ಇಂಥ ಕೆಲಸಕ್ಕೆ ಇಳಿಯಬೇಕೆನ್ನುವ ಬೇರೆ ಮಕ್ಕಳೂ ಇದ್ದೀರಿ. ತಡ ಮಾಡಬೇಡಿ. 1956ರ ನವೆಂಬರ್ 1ರಂದು ನಾವು ಕೇರಳಕ್ಕೆ ಸೇರಿದಾಗ ಶಾಲೆಗೆ ಹೋಗುತ್ತಿದ್ದವರಿಗೆ ಈಗ ಎಪ್ಪತ್ತು ದಾಟಿ ಎಷ್ಟೋ ಕಾಲವಾಯಿತು. ದುಬಾರಿ ಕ್ಯಾಮೆರಾಕ್ಕೆ ಕಾಯುವುದೂ ಬೇಡ. ಮೊದಲು ಅಂಗಿಗೆ ಸಿಕ್ಕಿಸುವ ಪುಟ್ಟ ಮೈಕ್ ಕೊಳ್ಳಿ. ಆಟಿ ತಿಂಗಳ ಮಳೆ ಹೆಂಚಿನ ಮೇಲೆ ಸುರಿಯುವಾಗ ಮೊಬೈಲಿನಲ್ಲಿ ಅಜ್ಜನ ಮಾತು ಒಂದೂ ಉಳಿಯುವುದಿಲ್ಲ.

ಕೇರಳ ಚಲಚ್ಚಿತ್ರ ಅಕಾಡೆಮಿ ತಿರುವನಂತಪುರದಲ್ಲಿ ನಡೆಸುವ ಸಾಕ್ಷ್ಯಚಿತ್ರ ಉತ್ಸವಕ್ಕೆ ಅವಳು ತನ್ನ ಚಿತ್ರವನ್ನು ಕಳುಹಿಸಲಿದ್ದಾಳೆ. ಅದಕ್ಕೂ ಮೊದಲು ಊರಿನವರಿಗೆ ತೋರಿಸಬೇಕೆಂಬುದು ಅವಳ ಆಸೆ. ಪ್ರೊಜೆಕ್ಟರ್ ಇರುವ ವಾಚನಾಲಯದವರು, ಯುವಕ ಸಂಘದವರು ದಯವಿಟ್ಟು ಒಂದು ಸಂಜೆ ನಿಮ್ಮ ಸಭಾಂಗಣವನ್ನು ಬಿಟ್ಟುಕೊಡಿ. ಕುರ್ಚಿ ಸಾಲದಿದ್ದರೆ ಚಾಪೆ ಹಾಸೋಣ.

ನಮಸ್ಕಾರ.