ಪಟ್ಟದ ಆನೆ, ಅತಿಥಿ ಮೃಗ

ಕೇಳುಗರೆ, ನಮಸ್ಕಾರ.

ಮೈಸೂರು ಅರಮನೆಯ ಆಯುಧಪೂಜೆಯ ಬೆಳಗ್ಗೆ ಕತ್ತಿ ಗುರಾಣಿಗಳ ಜೊತೆಗೆ ಪ್ರಾಣಿಗಳಿಗೂ ಪೂಜೆ ಸಲ್ಲುತ್ತದೆ. ಹಣೆಯಿಂದ ಸೊಂಡಿಲ ತುದಿಯವರೆಗೆ ಬಣ್ಣದ ಬಳ್ಳಿ ಬರೆಸಿಕೊಂಡ ಆನೆ ಬರುತ್ತದೆ. ಕುದುರೆ, ಒಂಟೆ, ಹಸುಗಳೂ ಬರುತ್ತವೆ. ಪಟ್ಟದ ಆನೆ, ಪಟ್ಟದ ಕುದುರೆ, ಪಟ್ಟದ ಹಸು ಎಂದೇ ಅವುಗಳ ಹೆಸರು. ಪಟ್ಟದ ರಾಣಿ ಅನ್ನುತ್ತೇವಲ್ಲ, ಅದೇ ಪಟ್ಟ! ಲಾಯದಲ್ಲಿ ಮೇವು ತಿನ್ನುವ ಜೀವಕ್ಕೆ ರಾಣಿಗೆ ಸಲ್ಲುವ ಮಾತನ್ನೇ ಕೊಟ್ಟ ಕನ್ನಡ ನಮ್ಮದು.

ಈ ಪೂಜೆಯ ಬೇರು ಬಹಳ ಆಳದ್ದು. ಆಶ್ವಯುಜ ಮಾಸದ ಒಂಬತ್ತನೆಯ ದಿನ ಕುದುರೆಗಳಿಗೆ ನೀರಾಜನ, ಅಂದರೆ ಆರತಿ, ಮಾಡಿಸಬೇಕೆಂದು ಕೌಟಿಲ್ಯನ ಅರ್ಥಶಾಸ್ತ್ರ ಹೇಳುತ್ತದೆ. ನಮ್ಮ ಮಹಾನವಮಿಯೂ ಆಶ್ವಯುಜದ ನವಮಿಯೇ. 1520ರ ಸುಮಾರಿಗೆ ವಿಜಯನಗರಕ್ಕೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್, ಅಲ್ಲಿನ ಹಬ್ಬದಲ್ಲಿ ಸಿಂಗಾರಗೊಂಡು ನಿಂತ ಆನೆ ಕುದುರೆಗಳನ್ನು ಕಣ್ಣಾರೆ ಕಂಡು ಬರೆದಿಟ್ಟಿದ್ದಾನೆ. ಹಂಪಿಯ ಮಹಾನವಮಿ ದಿಬ್ಬದ ಪಕ್ಕ ಕುಕ್ಕರುಗಾಲಲ್ಲಿ ಕೂತು ನೋಡಿ: ಆನೆ, ಕುದುರೆ, ಒಂಟೆಗಳ ಸಾಲು ಕಲ್ಲಿನಲ್ಲಿ ಇನ್ನೂ ನಡೆಯುತ್ತಲೇ ಇದೆ.

ಅದೇ ಅರ್ಥಶಾಸ್ತ್ರದಲ್ಲಿ ರಾಜನ ಮೃಗವನದ ವರ್ಣನೆಯೂ ಇದೆ. ಒಂದೇ ಬಾಗಿಲು, ಸುತ್ತ ಕಂದಕ, ಸಿಹಿಹಣ್ಣಿನ ಗಿಡಗಳು, ಮುಳ್ಳಿಲ್ಲದ ಮರಗಳು, ಆಳವಿಲ್ಲದ ಕೊಳ. ಎಂಥ ಅಕ್ಕರೆ ಅನ್ನಿಸುತ್ತದೆ. ಅಷ್ಟರಲ್ಲಿ, ಅದೇ ವಾಕ್ಯದೊಳಗೆ, ಉಗುರು ಹಲ್ಲು ಮುರಿದ ಕ್ರೂರಮೃಗಗಳು ಎದುರಾಗುತ್ತವೆ. ಓದಿದಾಗಲೆಲ್ಲ ನನಗೆ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ದೊರೆಯ ವಿಹಾರಕ್ಕೆ ಹುಲಿ ಬೇಕು, ಹುಲಿಯ ಹುಲಿತನ ಬೇಡ. ಪುಣ್ಯಕ್ಕೆ ಮಾತು ಅಲ್ಲಿಗೇ ನಿಲ್ಲುವುದಿಲ್ಲ. ನಾಡಿನ ಗಡಿಯ ಕಡೆ ಇನ್ನೊಂದು ವನವಿರಲಿ, ಅಲ್ಲಿ ಎಲ್ಲ ಮೃಗಗಳೂ ಅತಿಥಿಗಳು ಎನ್ನುತ್ತದೆ ಮುಂದಿನ ವಾಕ್ಯ. ‘ಸರ್ವಾತಿಥಿಮೃಗ’ ಎಂಬುದು ಮೂಲದ ಪದ. ಮನೆಗೆ ಬಂದವರಿಗೆ ಮಣೆ ಹಾಕಿ ಕೂರಿಸುವ ನಾವು ಮರೆಯಬಾರದ ಪದ ಅದು.

1892ರಲ್ಲಿ ಹತ್ತನೆಯ ಚಾಮರಾಜೇಂದ್ರ ಒಡೆಯರ ಕಾಲದಲ್ಲಿ ಮೈಸೂರಿನಲ್ಲಿ ಅರಮನೆಯ ಮೃಗಾಲಯ ಶುರುವಾಯಿತು. 1909ರಲ್ಲಿ ಅದಕ್ಕೆ ಅವರ ಹೆಸರೇ ಬಂತು. ಇಂದು ಚೀಟಿ ತೆಗೆದುಕೊಂಡ ಯಾರು ಬೇಕಾದರೂ ಒಳಗೆ ಹೋಗಬಹುದು. ಈ ಸಲ ಮಕ್ಕಳನ್ನು ಕರೆದುಕೊಂಡು ಹೋದಾಗ, ಕಂದಕದ ಆಚೆ ಹುಲಿ ಆಕಳಿಸುವವರೆಗೆ ಸ್ವಲ್ಪ ಕಾಯಿರಿ. ಆ ಹಲ್ಲುಗಳನ್ನು ತೋರಿಸಿ. ಅವನ್ನು ಯಾರೂ ಮುರಿದಿಲ್ಲ ಎಂದು ಹೇಳಿ, ಆ ಹಳೆಯ ಪದವನ್ನೂ ಕಲಿಸಿಕೊಡಿ.

ನಮಸ್ಕಾರ.