ಹೊಸಮನೆ ಎಂಬ ಹೆಸರಿನ ಮಗು

ಕೇಳುಗರಿಗೆ ನಮಸ್ಕಾರ.

ಹೋದ ತಿಂಗಳು ಒಂದು ರಾತ್ರಿ ಹನ್ನೊಂದೂವರೆಗೆ ನಮ್ಮಣ್ಣನ ಮಗ ಕೆನಡಾದಿಂದ ಫೋನ್ ಮಾಡಿದ. ಅಷ್ಟು ಹೊತ್ತಿನಲ್ಲಿ ಫೋನ್ ಬಂದರೆ ಎದೆ ಧಸಕ್ಕೆನ್ನುತ್ತದೆ. ಅವನು ಮಾತ್ರ ನಗುನಗುತ್ತಾ, "ಚಿಕ್ಕಪ್ಪ, ಗಂಡು ಮಗು. ತಾಯಿ, ಮಗು ಇಬ್ಬರೂ ಚೆನ್ನಾಗಿದ್ದಾರೆ. ಹೆಸರಿನದೇ ಒಂದು ತೊಡಕು" ಅಂದ.

ತೊಡಕು ಇಷ್ಟೇ. ನಮ್ಮ ಮನೆಯಲ್ಲಿ ಮೊದಲ ಮೊಮ್ಮಗನಿಗೆ ತಾತನ ಹೆಸರು. ಮಗುವಿನ ತಾತ, ಅಂದರೆ ನಮ್ಮಣ್ಣ, ಝೇವಿಯರ್. ನಾವು ಹಳೇ ಮೈಸೂರು ಸೀಮೆಯ ಕನ್ನಡ ಕ್ರೈಸ್ತರು. ಮಂಗಳೂರಿನವರ ಹಾಗೆ ಡಿಸೋಜ, ರೊಡ್ರಿಗಸ್ ಎಂಬ ಮನೆತನದ ಹೆಸರು ನಮಗಿಲ್ಲ. ಹೆಸರಿನ ಹಿಂದೆ ಅಪ್ಪನ ಹೆಸರಿನ ಮೊದಲಕ್ಷರ, ಅಷ್ಟೇ. ಪಾಸ್‌ಪೋರ್ಟ್ ಮಾಡಿಸುವಾಗ ಸರ್‌ನೇಮ್ ಅನ್ನುವ ಕಡೆ ಏನು ಬರೆಯುವುದೆಂದು ತಿಳಿಯದೆ ಹುಡುಗ ಅಪ್ಪನ ಹೆಸರನ್ನೇ ಬರೆಸಿದ್ದ. ಹಾಗಾಗಿ ಆ ದೇಶದಲ್ಲಿ ಅವನು ಮಿಸ್ಟರ್ ಝೇವಿಯರ್. ಈಗ ಮಗುವಿಗೆ ತಾತನ ಹೆಸರಿಟ್ಟರೆ ಅದು ಝೇವಿಯರ್ ಝೇವಿಯರ್ ಆಗುತ್ತದೆ. "ಇದು ಹೆಸರೋ, ಅಡ್ಡಹೆಸರೋ ಚಿಕ್ಕಪ್ಪ? ಇಲ್ಲಿನವರು ಇದು ಸ್ಪೇನಿನ ಸರ್‌ನೇಮ್ ಅಲ್ಲವೇ ಅಂತ ಕೇಳುತ್ತಾರೆ" ಅಂದ.

ಆ ಪ್ರಶ್ನೆಯನ್ನು ನಾನು ಬಹಳ ದಿನ ಮನಸ್ಸಿನಲ್ಲಿ ಹೊತ್ತು ತಿರುಗಿದೆ. ಇವತ್ತು ನಿಮ್ಮ ಮುಂದೆ ಹೇಳಬೇಕೆಂದಿರುವುದು ಅದನ್ನೇ.

ಅಲ್ಲಿನವರು ಕೇಳಿದ್ದು ಸರಿ. ಸ್ಪೇನಿನ ಉತ್ತರಕ್ಕೆ ನವಾರ್ರಾ ಎಂಬ ಸೀಮೆಯಿದೆ. ಅಲ್ಲಿ ಸಾಂಗ್ವೆಸಾ ಪಟ್ಟಣದ ಹತ್ತಿರ ಬಂಡೆಯ ಮೇಲೆ ಕಟ್ಟಿದ ಒಂದು ಕೋಟೆಮನೆ ಇದೆ. ಅದರ ಹೆಸರೇ ಹಾವಿಯೆರ್, ಹಳೆಯ ಬರಹದಲ್ಲಿ ಶಾವಿಯೆರ್. 1506ರ ಏಪ್ರಿಲ್ 7ರಂದು ಆ ಮನೆಯ ಕೊನೆಯ ಮಗನಾಗಿ ಫ್ರಾನ್ಸಿಸ್ಕೊ ಹುಟ್ಟಿದ. ಅಪ್ಪ ಹುವಾನ್ ದೆ ಹಾಸೊ, ನವಾರ್ರಾದ ರಾಜನ ಮಂತ್ರಾಲೋಚನಾ ಸಭೆಯ ಮುಖ್ಯಸ್ಥ. ಕೋಟೆ ಮಾತ್ರ ಅಪ್ಪನ ಕಡೆಯದಲ್ಲ, ತಾಯಿ ಮರಿಯಾ ದೆ ಆಸ್ಪಿಲ್ಕ್ವೆತಾಳ ಕಡೆಯಿಂದ ಬಂದದ್ದು. ಆ ಕಾಲದಲ್ಲಿ ಅಲ್ಲಿ ಒಡಹುಟ್ಟಿದವರೆಲ್ಲ ಒಂದೇ ಅಡ್ಡಹೆಸರು ಇಟ್ಟುಕೊಳ್ಳಬೇಕೆಂಬ ಕಟ್ಟುಪಾಡಿರಲಿಲ್ಲ. ಯಾವ ಮನೆಯ ನೆನಪು ಉಳಿಯಬೇಕೋ ಆ ಮನೆಯ ಹೆಸರು. ಒಬ್ಬ ಅಣ್ಣ ತಾಯಿಯ ಮನೆತನದ ಹೆಸರಿನಲ್ಲಿ ಆಸ್ಪಿಲ್ಕ್ವೆತಾ ಎನಿಸಿಕೊಂಡ, ತಮ್ಮ ಫ್ರಾನ್ಸಿಸ್ಕೊ ಕೋಟೆಯ ಹೆಸರಿನಲ್ಲಿ ಶಾವಿಯೆರ್ ಎನಿಸಿಕೊಂಡ. ಹಾಗೆ ನೋಡಿದರೆ ಈ ಹೆಸರು ತಾಯಿಯ ತವರಿನ ಹೆಸರು.

ಈ ಮಾತಿನ ಅರ್ಥವೇನು ಗೊತ್ತೆ? ಆ ಸೀಮೆಯವರು ಆಡುತ್ತಿದ್ದದ್ದು ಬಾಸ್ಕ್ ಭಾಷೆ. ಸ್ಪ್ಯಾನಿಷ್‌ಗೂ ಅದಕ್ಕೂ ನಂಟಿಲ್ಲ. ಬಾಸ್ಕ್‌ನಲ್ಲಿ 'ಎಚೆ' ಅಂದರೆ ಮನೆ, 'ಬೆರ್ರಿ' ಅಂದರೆ ಹೊಸದು. ಎಚೆಬೆರ್ರಿ, ಹೊಸಮನೆ. ಜನರ ಬಾಯಲ್ಲಿ ಸವೆದು ಸವೆದು ಶಾಬಿಯೆರ್ ಆಯಿತು. ಮೆಕ್ಸಿಕೊದ ಅಧ್ಯಕ್ಷರಾಗಿದ್ದ ಲುಯಿಸ್ ಎಚೆವೆರ್ರಿಯಾ ಅವರ ಅಡ್ಡಹೆಸರೂ ಇದೇ ಮಾತಿನಿಂದ ಬಂದದ್ದು.

ಹೊಸಮನೆ ಅನ್ನುವುದನ್ನು ಓದಿದಾಗ ನನಗೆ ನೆನಪಾದದ್ದು ನಮ್ಮ ಹಾವೇರಿ ಕಡೆ. ಅಲ್ಲಿ ಹೊಸಮನಿ ಎಂಬ ಅಡ್ಡಹೆಸರಿನವರು ಎಷ್ಟೋ ಮಂದಿ. ಸ್ವಾತಂತ್ರ್ಯ ಹೋರಾಟಗಾರ ಹೊಸಮನಿ ಸಿದ್ದಪ್ಪನವರ ಹೆಸರು ನೀವು ಕೇಳಿರುತ್ತೀರಿ. ಎಲ್ಲಿಯ ನವಾರ್ರಾ, ಎಲ್ಲಿಯ ಹಾವೇರಿ. ಎರಡೂ ಕಡೆ ಯಾವನೋ ಒಬ್ಬ ಹಿರಿಯ ಹಳೇ ಮನೆ ಬಿಟ್ಟು ಹೊಸದೊಂದು ಕಟ್ಟಿದ, ಊರವರು ಅವನ ಮಕ್ಕಳನ್ನು ಹೊಸಮನೆಯವರು ಎಂದರು. ಅಲ್ಲಿಗೂ ಇಲ್ಲಿಗೂ ಇರುವ ವ್ಯತ್ಯಾಸ ಒಂದೇ. ನಮ್ಮಲ್ಲಿ ಸಿದ್ದಪ್ಪ ಅನ್ನುವುದು ಮಗುವಿನ ಹೆಸರು, ಹೊಸಮನಿ ಅನ್ನುವುದು ಮನೆಯ ಹೆಸರಾಗಿಯೇ ಉಳಿಯಿತು. ತೊಟ್ಟಿಲಲ್ಲಿರುವ ಕೂಸನ್ನು ಯಾರೂ "ಹೊಸಮನೀ" ಎಂದು ಕರೆಯಲಿಲ್ಲ. ಅಲ್ಲಿ ಕರೆದರು.

ಕರೆಯುವಂತಾದದ್ದು ಆ ಒಬ್ಬ ಮನುಷ್ಯನಿಂದ. ಪ್ಯಾರಿಸ್ಸಿನಲ್ಲಿ ಓದಿ, ಯೇಸು ಸಭೆ ಕಟ್ಟಿದ ಇಗ್ನೇಷಿಯಸ್ ಲೊಯೊಲಾ ಜೊತೆ ಸೇರಿ, 1542ರ ಮೇ ತಿಂಗಳಲ್ಲಿ ಗೋವಾದಲ್ಲಿ ಇಳಿದವರು ಫ್ರಾನ್ಸಿಸ್ ಝೇವಿಯರ್. ಹತ್ತು ವರ್ಷ ಧರ್ಮ ಸಾರುತ್ತಾ ತಿರುಗಾಡಿ 1552ರ ಡಿಸೆಂಬರ್ 3ರಂದು ಚೀನಾದ ತೀರದ ಒಂದು ದ್ವೀಪದಲ್ಲಿ ತೀರಿಕೊಂಡರು. 1622ರಲ್ಲಿ ಸಂತರೆಂದು ಘೋಷಣೆಯಾಯಿತು. ಮಗುವಿಗೆ ಸಂತನ ಹೆಸರಿಡಬೇಕು ಅನ್ನುವ ಭಕ್ತರು ಮೊದಲು ಫ್ರಾನ್ಸಿಸ್ ಝೇವಿಯರ್ ಎಂದು ಜೋಡಿಯಾಗಿಯೇ ಇಟ್ಟರು. ಫ್ರಾನ್ಸಿಸ್ ಎಂಬ ಸಂತರು ಹಲವರಿದ್ದಾರೆ. ಇವರನ್ನು ಗುರುತಿಸುವುದು ಎರಡನೆಯ ಮಾತೇ. ಬರಬರುತ್ತಾ ಆ ಎರಡನೆಯ ಮಾತು ತಾನೇ ಮುಂದೆ ಬಂದು ನಿಂತಿತು. ಬೋರ್ಹಾ ಎಂಬ ಇನ್ನೊಂದು ಅಡ್ಡಹೆಸರೂ ಇದೇ ದಾರಿ ಹಿಡಿದು ಸ್ಪೇನಿನ ಗಂಡುಮಕ್ಕಳ ಹೆಸರಾಗಿದೆ.

ಎಲ್ಲ ಅಡ್ಡಹೆಸರಿಗೂ ಈ ಯೋಗ ಇಲ್ಲ. ಗೊನ್ಸಾಲೆಸ್, ರೊದ್ರಿಗೆಸ್, ಫೆರ್ನಾಂದೆಸ್ ಇವುಗಳ ಕೊನೆಯಲ್ಲಿರುವ 'ಎಸ್'ಗೆ ಮಗ ಎಂಬ ಅರ್ಥ. ರೊದ್ರಿಗೆಸ್ ಅಂದರೆ ರೊದ್ರಿಗೊನ ಮಗ. ಅಪ್ಪನ ಹೆಸರು ರೊದ್ರಿಗೊ ಅಲ್ಲದಿದ್ದರೂ ಮಗುವಿಗೆ ರೊದ್ರಿಗೆಸ್ ಎಂದು ಮೊದಲ ಹೆಸರಿಡುವುದು ನನಗಂತೂ ಒಪ್ಪುವುದಿಲ್ಲ. ಮಗುವಿನ ಹಣೆಗೆ ಬೇರೆ ಯಾರದೋ ಅಪ್ಪತನ ಅಂಟಿಸಿದ ಹಾಗೆ. ಊರಿನ, ಮನೆಯ ಹೆಸರಾದರೆ ಆ ಮಾತಿಲ್ಲ. ಕೆಲವು ದೇಶಗಳಲ್ಲಿ ಇದಕ್ಕೆ ಕಾನೂನೇ ಇದೆ. ಅರ್ಜೆಂಟೀನಾದಲ್ಲಿ 2015ರಿಂದ ಜಾರಿಯಲ್ಲಿರುವ ನಾಗರಿಕ ಸಂಹಿತೆಯ 63ನೇ ಕಲಮು ಅಡ್ಡಹೆಸರನ್ನು ಮೊದಲ ಹೆಸರಾಗಿ ನೋಂದಾಯಿಸುವ ಹಾಗಿಲ್ಲ ಎನ್ನುತ್ತದೆ. ಫುಟ್‌ಬಾಲಿನ ಅಭಿಮಾನಕ್ಕೆ ಮಗನಿಗೆ ಲಿಯೊನೆಲ್ ಎಂದಿಡಬಹುದು, ಮೆಸ್ಸಿ ಎಂದಿಡಲು ಕಾನೂನು ಅಡ್ಡ ಬರುತ್ತದೆ. ಹಾವಿಯೆರ್‌ಗೆ ಅಲ್ಲೂ ತಡೆಯಿಲ್ಲ, ಅದು ಹೆಸರಾಗಿ ತಲೆಮಾರುಗಳೇ ಕಳೆದಿವೆ.

ಇನ್ನು ನಮ್ಮ ಮನೆಯ ಮಾತಿಗೆ ಬರುತ್ತೇನೆ. ನಮ್ಮ ತಾತನ ಹೆಸರು ಚೌರಪ್ಪ. ನಮ್ಮ ಸೀಮೆಯ ಹಳೇ ಕ್ರೈಸ್ತರಲ್ಲಿ ರಾಯಪ್ಪ, ಚಿನ್ನಪ್ಪ, ಇನ್ನಾಸಪ್ಪ, ಅಂತೋಣಪ್ಪ ಇದ್ದ ಹಾಗೆ ಚೌರಪ್ಪ. ಹೆಣ್ಣುಮಗಳಾದರೆ ಚೌರಮ್ಮ. ಝೇವಿಯರ್ ಸಂತರನ್ನು ತಮಿಳರು ಸವೇರಿಯಾರ್ ಎಂದರು, ಅದು ನಮ್ಮ ಕಡೆ ಬಂದು ಚೌರಿ ಆಯಿತು. ಹೊಲಕ್ಕೆ ಬುತ್ತಿ ಹೊತ್ತು ಹೋಗುವಾಗ ಬದುವಿನ ಮೇಲೆ ನಿಂತು ನಮ್ಮಜ್ಜಿ, ತಾತನ ಹೆಸರು ಹೇಳಬಾರದೆಂದು, "ಯಾರದೂ, ಊಟಕ್ಕೆ ಬರ್ರೀ" ಎಂದು ಕೂಗುತ್ತಿದ್ದಳು. ತಾತನ ಗೆಳೆಯರು ಮಾತ್ರ "ಲೋ ಚೌರೀ" ಅನ್ನುತ್ತಿದ್ದರು. ಆ 'ರೀ' ಗದ್ದೆ ದಾಟಿ ತೋಪಿನವರೆಗೆ ಕೇಳಿಸುತ್ತಿತ್ತು.

ಅಣ್ಣ ಹುಟ್ಟಿದಾಗ ಜ್ಞಾನಸ್ನಾನದಲ್ಲಿ ಇಟ್ಟದ್ದು ತಾತನ ಹೆಸರೇ. ಗುಡಿಯ ಪುಸ್ತಕದಲ್ಲಿ ಅದು ಝೇವಿಯರ್ ಎಂದು ಬರೆಯಲ್ಪಟ್ಟಿತು, ಮನೆಯಲ್ಲಿ ಚೌರಿ ಎಂದೇ ಉಳಿಯಿತು. ಪಟ್ಟಣದ ಶಾಲೆಗೆ ಸೇರಿದ ಮೊದಲ ದಿನ ಟೀಚರ್ ಹೆಸರು ಕೇಳಿದರು. ಇವನು ಚೌರಿ ಅಂದ. ಇಡೀ ತರಗತಿ ನಕ್ಕಿತು. "ಹಳ್ಳಿಯವರು ಹೆಸರನ್ನು ಕೆಡಿಸಿಬಿಡುತ್ತಾರೆ. ಝೇವಿಯರ್ ಅನ್ನು" ಎಂದು ಅವರು ಹತ್ತು ಸಲ ಹೇಳಿಸಿದರು. ಅಂದು ಸಂಜೆ ಅಣ್ಣ ಮನೆಗೆ ಬಂದು ತಾತನ ಎದುರಿಗೇ, "ನನ್ನ ಚೌರಿ ಅನ್ನಬೇಡಿ" ಎಂದು ಅತ್ತ. ತಾತ ಏನೂ ಹೇಳಲಿಲ್ಲ. ಕೈಯಲ್ಲಿದ್ದ ಹಗ್ಗವನ್ನು ಹೊಸೆಯುತ್ತಾ ಕೂತರು. ನಾನಾಗ ಚಿಕ್ಕವನು. ಆದರೂ ತಾತನ ಮುಖ ಬಾಡಿದ್ದು ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಅದಾದ ಮೇಲೆ ನಮ್ಮ ಮನೆಯಲ್ಲಿ ಆ ಹೆಸರನ್ನು ಯಾರೂ ಗಟ್ಟಿಯಾಗಿ ಕೂಗಲಿಲ್ಲ.

ಅಣ್ಣನ ಮಗ ಕೇಳಿದ ಪ್ರಶ್ನೆಯಿಂದ ನಾನು ಹುಡುಕಿ ತಿಳಿದುಕೊಂಡದ್ದನ್ನು ಹೇಳುತ್ತೇನೆ, ದಯವಿಟ್ಟು ಕಿವಿಗೊಟ್ಟು ಕೇಳಿ. ಆ ಸಂತರು ಬದುಕಿದ್ದ ಕಾಲದಲ್ಲಿ ಆ ಹೆಸರಿನ ಮೊದಲಕ್ಷರದ ಉಚ್ಚಾರ 'ಶ'. ಪೋರ್ಚುಗೀಸರು ಇವತ್ತಿಗೂ ಶ ಎಂದೇ ಅನ್ನುತ್ತಾರೆ, ಬಾಸ್ಕರೂ ಹಾಗೆಯೇ. ಸ್ಪ್ಯಾನಿಷ್‌ನಲ್ಲಿ ಆಮೇಲೆ ಆ ಶಕಾರ ಗಂಟಲಿಗೆ ಇಳಿದು ಹಕಾರದಂತೆ ಆಯಿತು. 1815ರಲ್ಲಿ ಅಲ್ಲಿನ ಭಾಷಾ ಅಕಾಡೆಮಿ ಕಾಗುಣಿತವನ್ನೂ ತಿದ್ದಿತು. ಹಾಗೆ ಬಂದದ್ದು ಹಾವಿಯೆರ್. ಇಂಗ್ಲಿಷಿನವರು ತಮ್ಮ ಓದಿನ ರೂಢಿಯಂತೆ ಝ ಅಂದರು. ಹಾಗಾದರೆ ಮೂಲಕ್ಕೆ ಹತ್ತಿರ ಯಾವುದು? ಟೀಚರ್ ಹೇಳಿಸಿದ ಝೇವಿಯರ್ ಅಲ್ಲ. ಪೋರ್ಚುಗೀಸರ ಬಾಯಿಂದ ಶ ಎಂದು ಕೇಳಿ ತಮಿಳರು ಸ ಮಾಡಿಕೊಂಡ, ಆಮೇಲೆ ನಮ್ಮ ಹಳ್ಳಿಗರು ಚ ಮಾಡಿಕೊಂಡ ಸವೇರಿ, ಚೌರಿಗಳೇ ಅದಕ್ಕೆ ಹತ್ತಿರದ ಬಂಧುಗಳು. ನಮ್ಮ ತಾತ ಹೆಸರು ಕೆಡಿಸಿದವರಲ್ಲ. ಅವರಿಗೆ ಇದನ್ನು ಹೇಳಲು ನನಗೆ ಆಗಲೇ ಇಲ್ಲ ಅನ್ನುವುದೊಂದೇ ಸಂಕಟ.

ಆ ಸಂತರಿಗೇ ಈ ಕಷ್ಟ ಗೊತ್ತಿತ್ತು. 1544ರ ಜನವರಿಯಲ್ಲಿ ಕೊಚ್ಚಿಯಿಂದ ಬರೆದ ಕಾಗದದಲ್ಲಿ, ಇಲ್ಲಿಯ ಜನರ ತಾಯ್ನುಡಿ ಮಲಬಾರು, ನನ್ನದು ಬಾಸ್ಕ್, ಹಾಗಾಗಿ ಅವರ ಮಾತು ನನಗೂ ನನ್ನದು ಅವರಿಗೂ ತಿಳಿಯುವುದಿಲ್ಲ ಎಂಬರ್ಥದ ಮಾತಿದೆ. ಮಲಬಾರು ಎಂದದ್ದು ತಮಿಳನ್ನು. ಆ ತಮಿಳಿನಿಂದಲೇ ಅವರ ಹೆಸರು ನಮಗೆ ಬಂತು.

ಒಂದೇ ಹೆಸರು ಬೇರೆ ಬೇರೆ ಬಾಯಲ್ಲಿ ಹೇಗೆ ತಿರುಗುತ್ತದೆ ಅನ್ನುವುದಕ್ಕೆ 2010ರ ಫುಟ್‌ಬಾಲ್ ವಿಶ್ವಕಪ್ ಗೆದ್ದ ಸ್ಪೇನ್ ತಂಡವನ್ನು ನೆನೆಯಿರಿ. ಕತಲೋನಿಯಾ ಸೀಮೆಯ ಚಾವಿ ಹೆರ್ನಾಂದೆಸ್, ಬಾಸ್ಕ್ ನಾಡಿನ ಶಾಬಿ ಅಲೊನ್ಸೊ, ನವಾರ್ರಾದ ಹಾವಿ ಮಾರ್ತಿನೆಸ್. ಮೂವರದೂ ಒಂದೇ ಹೆಸರು, ಮೂವರೂ ಒಂದೇ ತಂಡ. ಯಾರೂ ಯಾರನ್ನೂ ತಿದ್ದಲಿಲ್ಲ. ಚಾವಿ ಅಂದರೆ ನಮ್ಮ ಧಾರವಾಡ ಕಡೆ ಬೀಗದಕೈ, ಕನ್ನಡದ ಮಗುವಿಗೆ ಆ ರೂಪ ಬೇಡ. ಹಾವಿಯೆರ್ ಅಂದರೂ ನಮ್ಮ ಕಿವಿಗೆ ಹಾವೇ ಬೀಳುತ್ತದೆ. ಮಗುವನ್ನು ದಿನಕ್ಕೆ ನೂರು ಸಲ ಕರೆಯುವವರು ಮನೆಯವರು. ಅವರ ಬಾಯಿಗೆ ಸಲೀಸಾಗಿ ಬರುವ ರೂಪವನ್ನೇ ಇಡಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಇದನ್ನೆಲ್ಲ ನಾನು ಆ ಹುಡುಗನಿಗೆ ಒಂದು ಭಾನುವಾರ ಕೂತು ಹೇಳಿದೆ. ಸ್ಪೇನಿನ ಸರ್‌ನೇಮ್ ಹೌದು, ಒಬ್ಬ ತಾಯಿಯ ಮನೆಯ ಹೆಸರು ಹೌದು, ನಾಲ್ಕು ನೂರು ವರ್ಷಗಳಿಂದ ಗಂಡುಮಕ್ಕಳ ಹೆಸರೂ ಹೌದು ಎಂದೆ. ಅವನು ಸುಮ್ಮನಿದ್ದ. ಆಮೇಲೆ ಅವನ ಹೆಂಡತಿ ಫೋನ್ ಇಸಿದುಕೊಂಡಳು. "ಹಂಗಾದರೆ ಮಾವ, ಮೊದಲ ಹೆಸರು ಚೌರಿ ಅಂತಲೇ ಬರೆಸಿಬಿಡೋಣ. ಹಿಂದೆ ಝೇವಿಯರ್ ಇದ್ದೇ ಇದೆಯಲ್ಲ" ಅಂದಳು. ಅಷ್ಟು ಸುಲಭದ ಉಪಾಯ ನನಗೆ ಹೊಳೆದಿರಲಿಲ್ಲ.

ಕಳೆದ ವಾರ ವೀಡಿಯೊ ಕರೆ ಬಂದಾಗ ಅಣ್ಣ ನಮ್ಮ ಮನೆಯಲ್ಲೇ ಇದ್ದ. ಅವನಿಗೀಗ ಎಪ್ಪತ್ತೆರಡು. ಕನ್ನಡಕ ಹಾಕಿಕೊಂಡು ಫೋನನ್ನು ಮುಖದ ಹತ್ತಿರ ಹಿಡಿದ. ಅದರೊಳಗೆ ಬಿಳಿ ಬಟ್ಟೆಯಲ್ಲಿ ಸುತ್ತಿದ ಕೂಸು ಕಣ್ಣು ಮುಚ್ಚಿ ಮಲಗಿತ್ತು. ಅಣ್ಣ ಸ್ವಲ್ಪ ಹೊತ್ತು ನೋಡಿದ. ಗಂಟಲು ಸರಿಮಾಡಿಕೊಂಡ. ಅರವತ್ತೈದು ವರ್ಷಗಳಿಂದ ಆ ಬಾಯಲ್ಲಿ ಬಾರದಿದ್ದ ಹೆಸರನ್ನು, ತಾತನ ಗೆಳೆಯರು ಗದ್ದೆಯ ಬದುವಿನಿಂದ ಕೂಗುತ್ತಿದ್ದ ಹಾಗೇ, 'ರೀ' ಎಳೆದು ಕರೆದ.

"ಲೋ ಚೌರೀ..."

ನಮಸ್ಕಾರ.